ಅಮೆರಿಕ, ಸೋವಿಯತ್ ಮತ್ತು ಅಣುಬಾಂಬ್ ಜಿದ್ದು: ಪದೇ ಪದೇ ಕೇಳುವ ಪ್ರಶ್ನೆಗಳು

ಯಾವುದೋ ದೇಶದ ನಾಯಕ ಟಿವಿಯಲ್ಲಿ ಅಣುಬಾಂಬ್ ಹೆಸರು ಎತ್ತಿದರೆ ಸಾಕು, ಮನೆಯಲ್ಲಿ, ಗೆಳೆಯರ ವಾಟ್ಸಾಪ್ ಗುಂಪಿನಲ್ಲಿ ಅದೇ ಪ್ರಶ್ನೆಗಳು ಶುರು. ಬಟನ್ ಒತ್ತಿದರೆ ಎಲ್ಲ ಮುಗಿಯಿತಾ? ಇವರು ಸುಮ್ನೆ ಹೆದರಿಸುತ್ತಾರಾ ಅಥವಾ ನಿಜವಾಗಿ ಹಾಕುತ್ತಾರಾ? ಪ್ರತಿ ಸಲ ಬಿಡಿಬಿಡಿಯಾಗಿ ಉತ್ತರ ಹೇಳುವ ಬದಲು ಒಂದೇ ಕಡೆ ಬರೆದಿಟ್ಟಿದ್ದೇನೆ. ಹೆಚ್ಚಿನದೆಲ್ಲ ಶೀತಲ ಸಮರದ ಕಾಲದ್ದು, ಅಂದರೆ ಅಮೆರಿಕ ಮತ್ತು ಸೋವಿಯತ್ ಒಕ್ಕೂಟ ನೇರ ಯುದ್ಧಕ್ಕೆ ಇಳಿಯದೆ ಜಿದ್ದಿಗೆ ಬಿದ್ದಿದ್ದ ಕಾಲದ್ದು. ಈ ಆಟದ ನಿಯಮಗಳು ಹುಟ್ಟಿದ್ದೇ ಆಗ.

ಬ್ರಿಂಕ್‌ಮನ್‌ಶಿಪ್ ಅಂದರೆ ಏನು? ಸರಳವಾಗಿ ಹೇಳಿ.

ಬಾವಿ ಕಟ್ಟೆಯ ಮೇಲೆ ಇಬ್ಬರು ನಿಂತಿದ್ದಾರೆ ಅಂದುಕೊಳ್ಳಿ. ಇಬ್ಬರ ಸೊಂಟಕ್ಕೂ ಒಂದೇ ಹಗ್ಗ. ಒಬ್ಬ ಹೇಳುತ್ತಾನೆ, ನನ್ನ ಮಾತು ಕೇಳದಿದ್ದರೆ ಹಾರಿಬಿಡುತ್ತೇನೆ ಅಂತ. ಇನ್ನೊಬ್ಬ ನಗುತ್ತಾನೆ. ಹಾರಿದರೆ ಹಾರಿದವನೂ ಸಾಯುತ್ತಾನಲ್ಲ, ಯಾರು ನಂಬುತ್ತಾರೆ? ಆದರೆ ಆ ಮೊದಲನೆಯವನು ಬಾಯಿ ಮುಚ್ಚಿಕೊಂಡು, ಕಟ್ಟೆಯಲ್ಲಿ ಪಾಚಿ ಕಟ್ಟಿರುವ ಕಡೆಗೆ ಒಂದೊಂದೇ ಹೆಜ್ಜೆ ಇಡಲು ಶುರು ಮಾಡಿದರೆ? ಈಗ ನಗು ನಿಲ್ಲುತ್ತದೆ. ಅವನಿಗೆ ಸಾಯುವ ಮನಸ್ಸು ಇಲ್ಲದೇ ಇರಬಹುದು, ಕಾಲು ಜಾರುವುದಕ್ಕೆ ಮನಸ್ಸು ಬೇಕಾಗಿಲ್ಲ.

ಇದೇ ಬ್ರಿಂಕ್‌ಮನ್‌ಶಿಪ್. ಇದರಲ್ಲಿ ಬಹಳ ಜನ ಗಮನಿಸದ ಒಂದು ವಿಷಯ ಇದೆ. ಎಲ್ಲವೂ ನಾಯಕನ ಕೈಯಲ್ಲೇ ಗಟ್ಟಿಯಾಗಿ ಇದ್ದರೆ ಈ ಬೆದರಿಕೆ ಕೆಲಸವೇ ಮಾಡುವುದಿಲ್ಲ. ಕೈ ತಪ್ಪುವ ಸಾಧ್ಯತೆ ಇದ್ದರೆ ಮಾತ್ರ ಎದುರಿನವನು ಹೆದರುತ್ತಾನೆ. ಅಂದರೆ ಅಪಾಯ ಸುಳ್ಳಾಗಿರಬಾರದು, ನಿಜವಾಗಿಯೇ ಇರಬೇಕು. ಕೆಳಗಿನ ಎಷ್ಟೋ ಉತ್ತರಗಳು ಕೊನೆಗೆ ಇಲ್ಲಿಗೇ ಬಂದು ನಿಲ್ಲುತ್ತವೆ.

ಆ ಪದ ಎಲ್ಲಿಂದ ಬಂತು?

ಐಸೆನ್‌ಹೋವರ್ ಅಧ್ಯಕ್ಷರಾಗಿದ್ದ ಕಾಲದಲ್ಲಿ ಜಾನ್ ಫಾಸ್ಟರ್ ಡಲ್ಲೆಸ್ ಅಮೆರಿಕದ ವಿದೇಶಾಂಗ ಮಂತ್ರಿ ಆಗಿದ್ದರು. 1956ರಲ್ಲಿ ಲೈಫ್ ಪತ್ರಿಕೆಯ ಜೊತೆ ಮಾತಾಡುತ್ತಾ, ಯುದ್ಧದ ಅಂಚಿನವರೆಗೆ ಹೋಗಿ ಯುದ್ಧಕ್ಕೆ ಬೀಳದೆ ವಾಪಸ್ ಬರುವುದೇ ಒಂದು ಕಲೆ ಎಂಬ ಅರ್ಥದಲ್ಲಿ ಹೆಮ್ಮೆ ಪಟ್ಟುಕೊಂಡರು. ಅವರ ರಾಜಕೀಯ ಎದುರಾಳಿ ಅಡ್ಲಾಯ್ ಸ್ಟೀವನ್‌ಸನ್ ಇದನ್ನು ಗೇಲಿ ಮಾಡುತ್ತಾ ಬ್ರಿಂಕ್‌ಮನ್‌ಶಿಪ್ ಅಂದರು. ಗೇಲಿಯ ಪದವೇ ಹೆಸರಾಗಿ ಉಳಿಯಿತು.

ಪೈಪೋಟಿ ಶುರುವಾಗಿದ್ದು ಯಾವಾಗ?

1945ರ ಜುಲೈ 16ರಂದು ನ್ಯೂ ಮೆಕ್ಸಿಕೋದ ಮರುಭೂಮಿಯಲ್ಲಿ ಮೊದಲ ಪರೀಕ್ಷೆ. ಆಗಸ್ಟ್ 6ಕ್ಕೆ ಹಿರೋಷಿಮಾ, 9ಕ್ಕೆ ನಾಗಸಾಕಿ. ಇಪ್ಪತ್ತೈದು ದಿನವೂ ಆಗಿರಲಿಲ್ಲ. ಆಮೇಲೆ ನಾಲ್ಕು ವರ್ಷ ಬಾಂಬ್ ಅಮೆರಿಕದ ಒಬ್ಬರ ಸ್ವತ್ತು. 1949ರ ಆಗಸ್ಟ್ 29ಕ್ಕೆ ಸೋವಿಯತ್ ಒಕ್ಕೂಟ ಕಜಾಕ್‌ಸ್ತಾನದ ಸೆಮಿಪಲಾಟಿನ್‌ಸ್ಕ್‌ನಲ್ಲಿ ತನ್ನ ಮೊದಲ ಬಾಂಬ್ ಸಿಡಿಸಿತು. ಅಮೆರಿಕದವರು ಇಷ್ಟು ಬೇಗ ಆಗುತ್ತದೆ ಅಂತ ಎಣಿಸಿರಲಿಲ್ಲ. ಅಮೆರಿಕದ ಯೋಜನೆಯ ಒಳಗೇ ಕೆಲಸ ಮಾಡಿದ್ದ ಕ್ಲಾಸ್ ಫುಕ್ಸ್ ಎಂಬ ವಿಜ್ಞಾನಿ ರಹಸ್ಯ ದಾಟಿಸಿದ್ದು ಅವರಿಗೆ ಸಹಾಯ ಆಯಿತು. ಹಾಗಂತ ಎಲ್ಲವೂ ಕದ್ದದ್ದು ಅನ್ನುವುದು ತಪ್ಪು, ಅಲ್ಲಿಯೂ ಒಳ್ಳೆಯ ಭೌತವಿಜ್ಞಾನಿಗಳು ಬೇಕಾದಷ್ಟು ಇದ್ದರು.

ಹೈಡ್ರೋಜನ್ ಬಾಂಬ್ ಅಂದರೆ ಅಣುಬಾಂಬ್‌ಗಿಂತ ಬೇರೆಯಾ?

ಬೇರೆ, ಮತ್ತು ಭಯಂಕರವಾಗಿ ಬೇರೆ. ಹಿರೋಷಿಮಾದ್ದು ಭಾರವಾದ ಪರಮಾಣು ಒಡೆದು ಸಿಡಿಯುವ ಬಾಂಬ್. ಅದರ ಬಲ ಸುಮಾರು 15 ಕಿಲೋಟನ್, ಅಂದರೆ 15 ಸಾವಿರ ಟನ್ ಟಿಎನ್‌ಟಿ ಸ್ಫೋಟಕದಷ್ಟು. ಹೈಡ್ರೋಜನ್ ಬಾಂಬ್‌ನಲ್ಲಿ ಅಂಥದ್ದೊಂದು ಬಾಂಬ್ ಬರೀ ಬೆಂಕಿಕಡ್ಡಿ ಇದ್ದ ಹಾಗೆ. ಅದರ ಶಾಖದಲ್ಲಿ ಹಗುರ ಪರಮಾಣುಗಳು ಒಂದಕ್ಕೊಂದು ಬೆಸೆಯುತ್ತವೆ, ಸೂರ್ಯನ ಒಳಗೆ ನಡೆಯುವ ಹಾಗೆ. 1952ರ ನವೆಂಬರ್ 1ರಂದು ಅಮೆರಿಕ ಪೆಸಿಫಿಕ್ ಸಾಗರದಲ್ಲಿ ಇದನ್ನು ಪರೀಕ್ಷೆ ಮಾಡಿದಾಗ ಎಲುಗೆಲಾಬ್ ಎಂಬ ಇಡೀ ದ್ವೀಪ ಮಾಯವಾಯಿತು. ನಕ್ಷೆಯಲ್ಲಿ ಇದ್ದ ಜಾಗದಲ್ಲಿ ನೀರು ತುಂಬಿದ ಗುಂಡಿ.

1954ರ ಮಾರ್ಚ್ 1ಕ್ಕೆ ಬಿಕಿನಿ ಹವಳದ್ವೀಪದಲ್ಲಿ ಇನ್ನೊಂದು. ಲೆಕ್ಕ ಹಾಕಿದ್ದು ಸುಮಾರು 6 ಮೆಗಾಟನ್ (ಒಂದು ಮೆಗಾಟನ್ ಅಂದರೆ ಸಾವಿರ ಕಿಲೋಟನ್), ಆದದ್ದು 15. ಒಳಗೆ ಹಾಕಿದ್ದ ಲಿಥಿಯಂನ ಒಂದು ಭಾಗ ಸುಮ್ನೆ ಇರುತ್ತದೆ ಅಂದುಕೊಂಡಿದ್ದರು, ಅದು ಸುಮ್ನೆ ಇರಲಿಲ್ಲ. ಜಗತ್ತಿನ ಅತ್ಯಂತ ಬುದ್ಧಿವಂತರು ಕೂತು ಹಾಕಿದ ಲೆಕ್ಕ ಎರಡೂವರೆ ಪಟ್ಟು ತಪ್ಪಿತು, ನೆನಪಿಡಿ. ದೂರದಲ್ಲಿ ಮೀನು ಹಿಡಿಯುತ್ತಿದ್ದ ಜಪಾನಿನ ದೋಣಿಯೊಂದರ 23 ಜನರ ಮೇಲೆ ಬಿಳಿ ಬೂದಿ ಸುರಿಯಿತು. ಅವರಲ್ಲಿ ಒಬ್ಬರು ಅದೇ ವರ್ಷ ಸೆಪ್ಟೆಂಬರ್‌ನಲ್ಲಿ ತೀರಿಕೊಂಡರು.

ಅತಿ ದೊಡ್ಡ ಬಾಂಬ್ ಯಾವುದು?

ಸೋವಿಯತ್ತಿನ ತ್ಸಾರ್ ಬಾಂಬ್. 1961ರ ಅಕ್ಟೋಬರ್ 30, ನೋವಾಯಾ ಜೆಮ್ಲ್ಯಾ ದ್ವೀಪ, ಸುಮಾರು 50 ಮೆಗಾಟನ್. ಹಿರೋಷಿಮಾದ ಮೂರು ಸಾವಿರ ಪಟ್ಟಿಗೂ ಜಾಸ್ತಿ. ಮೂಲ ವಿನ್ಯಾಸ 100 ಮೆಗಾಟನ್‌ದು, ಅರ್ಧಕ್ಕೆ ಇಳಿಸಿದರು. ಯುದ್ಧಕ್ಕೆ ಇದರಿಂದ ಹೆಚ್ಚು ಉಪಯೋಗ ಇರಲಿಲ್ಲ, ಅಷ್ಟು ಭಾರದ ಬಾಂಬ್ ಹೊತ್ತ ನಿಧಾನದ ವಿಮಾನವನ್ನು ದಾರಿಯಲ್ಲೇ ಹೊಡೆದು ಬೀಳಿಸಬಹುದಿತ್ತು. ತೋರಿಕೆಗೆ ಮಾಡಿದ್ದು. ಮದುವೆ ಮನೆ ಪಟಾಕಿಯ ಹಾಗೆ, ಸದ್ದು ಪಕ್ಕದ ಊರಿಗೆ ಕೇಳಬೇಕು ಅಷ್ಟೇ.

ಒಂದು ದೇಶ ಸುಡಲು ನೂರಿನ್ನೂರು ಬಾಂಬ್ ಸಾಕಲ್ವಾ? ಸಾವಿರಗಟ್ಟಲೆ ಯಾಕೆ ಮಾಡಿದರು?

ನನಗೆ ಇದು ಎಲ್ಲಕ್ಕಿಂತ ಒಳ್ಳೆಯ ಪ್ರಶ್ನೆ ಅನ್ನಿಸುತ್ತದೆ. ಮೊದಲು ಅಂಕಿ ನೋಡಿ. 1967ರಲ್ಲಿ ಅಮೆರಿಕದ ಬಳಿ 31 ಸಾವಿರಕ್ಕೂ ಹೆಚ್ಚು ಸಿಡಿತಲೆ ಇದ್ದವು. ಸೋವಿಯತ್ ಬಳಿ 1986ರ ಹೊತ್ತಿಗೆ ಸುಮಾರು 40 ಸಾವಿರ. ಆ ವರ್ಷ ಜಗತ್ತಿನಲ್ಲಿ ಒಟ್ಟು ಸುಮಾರು 70 ಸಾವಿರ.

ಇದಕ್ಕೆ ಒಂದು ತರ್ಕ ಇದೆ, ಹುಚ್ಚು ಅನ್ನಿಸಿದರೂ ಒಳಗಿಂದ ನೋಡಿದರೆ ಸರಿಯಾಗಿಯೇ ಕಾಣುತ್ತದೆ. ಎದುರಿನವನು ಮೊದಲು ಹೊಡೆದರೆ ನನ್ನ ಬಾಂಬ್‌ಗಳೇ ನೆಲದಲ್ಲಿ ನಾಶ ಆಗಬಹುದು. ಆಮೇಲೆ ಉಳಿದದ್ದರಲ್ಲಿ ಅವನನ್ನು ಮುಗಿಸುವಷ್ಟು ಇರಬೇಕು. ಹಾಗಾಗಿ ಜಾಸ್ತಿ ಮಾಡುತ್ತೇನೆ, ಬೇರೆ ಬೇರೆ ಕಡೆ ಇಡುತ್ತೇನೆ: ನೆಲದ ಕೆಳಗಿನ ಗುಂಡಿಯಲ್ಲಿ ಕ್ಷಿಪಣಿ, ಆಕಾಶದಲ್ಲಿ ಬಾಂಬರ್ ವಿಮಾನ, ಸಮುದ್ರದೊಳಗೆ ಸಬ್‌ಮರೀನ್. ಎದುರಿನವನು ನನ್ನ ಹೊಸ ಗುಂಡಿ ಎಣಿಸಿ ಪ್ರತಿ ಗುಂಡಿಗೆ ಎರಡರಂತೆ ಸಿಡಿತಲೆ ಮಾಡುತ್ತಾನೆ. ಅದನ್ನು ನೋಡಿ ನಾನು ಇನ್ನಷ್ಟು. 1970ರಿಂದ ಒಂದೇ ಕ್ಷಿಪಣಿಯ ತುದಿಯಲ್ಲಿ ಮೂರು, ಹತ್ತು ಸಿಡಿತಲೆ ಕೂರಿಸಿ ಒಂದೊಂದನ್ನೂ ಒಂದೊಂದು ಊರಿಗೆ ಕಳಿಸುವ ತಂತ್ರ ಬಂತು. ಅಲ್ಲಿಗೆ ಲೆಕ್ಕ ಪೂರ್ತಿ ಕೈ ಬಿಟ್ಟಿತು.

ಇದು ಕಾಗದದ ಮೇಲಿನ ತರ್ಕ. ಇದರ ಕೆಳಗೆ ಸಾಮಾನ್ಯ ಮನುಷ್ಯರ ಆಸೆ, ಹೊಟ್ಟೆಕಿಚ್ಚು ಕೂಡ ಇತ್ತು. ವಾಯುಸೇನೆಗೆ ಸಿಕ್ಕಿದರೆ ನೌಕಾಸೇನೆಗೂ ಬೇಕು. ಕಾರ್ಖಾನೆ ಇರುವ ಊರಿನ ಜನಪ್ರತಿನಿಧಿಗೆ ಕೆಲಸ ಬೇಕು. 1957ರ ಅಕ್ಟೋಬರ್ 4ಕ್ಕೆ ಸೋವಿಯತ್ತಿನ ಮೊದಲ ಉಪಗ್ರಹ ಸ್ಪುಟ್ನಿಕ್ ಮೇಲೆ ಹೋದಾಗ ಅಮೆರಿಕದಲ್ಲಿ ಎಂಥ ಗಾಬರಿ ಎದ್ದಿತು ಅಂದರೆ, ಕ್ಷಿಪಣಿಯಲ್ಲಿ ನಾವು ಹಿಂದೆ ಬಿದ್ದಿದ್ದೇವೆ ಎಂದು 1960ರ ಅಧ್ಯಕ್ಷ ಚುನಾವಣೆಗೆ ನಿಂತಿದ್ದ ಕೆನಡಿ ಊರೂರಲ್ಲಿ ಹೇಳಿದರು. ಗೆದ್ದ ಮೇಲೆ ಬೇಹುಗಾರಿಕೆ ಉಪಗ್ರಹದ ಫೋಟೊ ನೋಡಿದರೆ, ಅಮೆರಿಕ ಮುಟ್ಟಬಲ್ಲ ಸೋವಿಯತ್ ಕ್ಷಿಪಣಿಗಳು ಬೆರಳೆಣಿಕೆಯಷ್ಟು. ಹಿಂದೆ ಬಿದ್ದಿದ್ದು ಸೋವಿಯತ್! ಹಾಗಂತ ಅಮೆರಿಕ ನಿಲ್ಲಿಸಿತಾ? ಇಲ್ಲ, ಮಿನಿಟ್‌ಮನ್ ಕ್ಷಿಪಣಿಗಳನ್ನು ಒಂದು ಸಾವಿರ ಮಾಡಿ ನಿಲ್ಲಿಸಿತು. ಅದನ್ನು ನೋಡಿ ಸೋವಿಯತ್ ತನ್ನದನ್ನು ಏರಿಸಿತು. ಮೊದಲು ಸುಳ್ಳಾಗಿದ್ದ ಭಯ ಹತ್ತು ವರ್ಷದಲ್ಲಿ ನಿಜವಾಯಿತು.

ಖರ್ಚು ಕೇಳಬೇಡಿ. ಕೇಳಿದರೆ, 1940ರಿಂದ 1996ರವರೆಗೆ ಅಮೆರಿಕ ಬರೀ ಅಣ್ವಸ್ತ್ರಗಳಿಗೆ ಸುಮಾರು 5.5 ಲಕ್ಷ ಕೋಟಿ ಡಾಲರ್ ಸುರಿದಿದೆ. ರೂಪಾಯಿ ಅಲ್ಲ, ಡಾಲರ್.

ಕ್ಯೂಬಾ ಬಿಕ್ಕಟ್ಟಿನಲ್ಲಿ ಆದದ್ದೇನು?

1962ರ ಅಕ್ಟೋಬರ್. ಫ್ಲಾರಿಡಾದಿಂದ ಕ್ಯೂಬಾಗೆ ಸುಮಾರು 150 ಕಿಲೋಮೀಟರ್, ಬೆಂಗಳೂರಿಂದ ಮೈಸೂರಿನಷ್ಟು ದೂರ. ಅಲ್ಲಿ ಸೋವಿಯತ್ ಗುಟ್ಟಾಗಿ ಕ್ಷಿಪಣಿ ಕೂರಿಸುತ್ತಿದ್ದದ್ದು ಅಮೆರಿಕದ ಯು-2 ಬೇಹುಗಾರಿಕೆ ವಿಮಾನದ ಫೋಟೊದಲ್ಲಿ ಸಿಕ್ಕಿಬಿತ್ತು. 16ರ ಬೆಳಿಗ್ಗೆ ಕೆನಡಿಗೆ ವಿಷಯ ತಿಳಿಯಿತು. ಸೇನಾ ಮುಖ್ಯಸ್ಥರು ತಕ್ಷಣ ಬಾಂಬ್ ಹಾಕೋಣ ಅಂದರು. ಕೆನಡಿ ಹಡಗುಗಳನ್ನು ಅಡ್ಡ ನಿಲ್ಲಿಸುವ ದಾರಿ ಹಿಡಿದರು. ದಿಗ್ಬಂಧನ ಅಂದರೆ ಕಾನೂನಿನಲ್ಲಿ ಯುದ್ಧ ಸಾರಿದ ಹಾಗೆ, ಅದಕ್ಕೆ ಕ್ವಾರಂಟೈನ್ ಅಂತ ಹೆಸರಿಟ್ಟರು. ಹೌದು, ಕೊರೊನಾ ಕಾಲದಲ್ಲಿ ನಾವೆಲ್ಲ ಬಾಯಿಪಾಠ ಮಾಡಿದ ಅದೇ ಪದ.

22ಕ್ಕೆ ಕೆನಡಿ ಟಿವಿಯಲ್ಲಿ ಮಾತಾಡಿದರು. ಅಮೆರಿಕದ ಬಾಂಬರ್ ವಿಮಾನಗಳು ಆಕಾಶ ಬಿಟ್ಟು ಇಳಿಯುತ್ತಲೇ ಇರಲಿಲ್ಲ, ಒಂದು ತಂಡ ಇಳಿದರೆ ಇನ್ನೊಂದು ಏರುತ್ತಿತ್ತು. 26ಕ್ಕೆ ಸೋವಿಯತ್ ನಾಯಕ ಕ್ರುಶ್ಚೇವ್ ಕೆನಡಿಗೆ ಉದ್ದದ ಕಾಗದ ಬರೆದರು. ಯುದ್ಧದ ಗಂಟು ಹಾಕಿರುವ ಹಗ್ಗವನ್ನು ನಾವಿಬ್ಬರೂ ಎರಡೂ ಕಡೆಯಿಂದ ಎಳೆಯಬಾರದು, ಎಳೆದಷ್ಟೂ ಗಂಟು ಬಿಗಿಯುತ್ತದೆ, ಕೊನೆಗೆ ಕಟ್ಟಿದವನಿಗೂ ಬಿಚ್ಚಲಾಗುವುದಿಲ್ಲ ಎಂಬುದು ಅದರ ಸಾರ. ರೈತರ ಮನೆಯ ಮನುಷ್ಯ ಬರೆದ ಕಾಗದ ಅಂತ ಓದಿದರೆ ಗೊತ್ತಾಗುತ್ತದೆ. ಸಂಕಟ ಏನೆಂದರೆ ಆ ಕಾಗದ ಮಾಸ್ಕೋದಿಂದ ವಾಷಿಂಗ್ಟನ್ ತಲುಪಿ ಅನುವಾದ ಆಗುವ ಹೊತ್ತಿಗೆ ಅರ್ಧ ದಿನ ಕಳೆದಿತ್ತು. ವಾಷಿಂಗ್ಟನ್‌ನಲ್ಲಿದ್ದ ಸೋವಿಯತ್ ರಾಯಭಾರಿ ದೊಬ್ರಿನಿನ್ ತನ್ನ ಸಂದೇಶ ಕಳಿಸಬೇಕಾದರೆ ತಂತಿ ಕಚೇರಿಯ ಹುಡುಗ ಸೈಕಲ್ ಮೇಲೆ ಬಂದು ತೆಗೆದುಕೊಂಡು ಹೋಗಬೇಕಿತ್ತು. ಅರ್ಧ ಗಂಟೆಯಲ್ಲಿ ಖಂಡ ದಾಟುವ ಕ್ಷಿಪಣಿ ಇದೆ, ಮಾತು ಮಾತ್ರ ಸೈಕಲ್ ಮೇಲೆ.

ಅಕ್ಟೋಬರ್ 27ನ್ನು ಕಪ್ಪು ಶನಿವಾರ ಅನ್ನುವುದು ಯಾಕೆ?

ಆ ಒಂದೇ ದಿನ ಮೂರು ಕಡೆ ಕಾಲು ಜಾರಿತು. ಯಾವುದಕ್ಕೂ ಕೆನಡಿಯ ಆಜ್ಞೆ ಇರಲಿಲ್ಲ, ಕ್ರುಶ್ಚೇವ್ ಆಜ್ಞೆಯೂ ಇರಲಿಲ್ಲ.

ಕ್ಯೂಬಾದ ಮೇಲೆ ಹಾರುತ್ತಿದ್ದ ಯು-2 ವಿಮಾನವನ್ನು ಅಲ್ಲಿದ್ದ ಸೋವಿಯತ್ ಅಧಿಕಾರಿಗಳು ಮಾಸ್ಕೋವನ್ನು ಕೇಳದೆ ಹೊಡೆದರು. ಪೈಲಟ್ ಮೇಜರ್ ರುಡಾಲ್ಫ್ ಆಂಡರ್ಸನ್ ಸತ್ತರು. ಅದೇ ದಿನ ಉತ್ತರ ಧ್ರುವದ ಕಡೆ ಹೋಗಿದ್ದ ಇನ್ನೊಂದು ಯು-2 ದಾರಿ ತಪ್ಪಿ ಸೋವಿಯತ್ ಗಡಿಯೊಳಗೆ ನುಗ್ಗಿತು. ಅದನ್ನು ಅಟ್ಟಲು ಸೋವಿಯತ್ ಯುದ್ಧವಿಮಾನ ಎದ್ದವು, ಕಾಪಾಡಲು ಅಲಾಸ್ಕಾದಿಂದ ಅಮೆರಿಕದವು ಎದ್ದವು, ಈ ಅಮೆರಿಕದ ವಿಮಾನಗಳಲ್ಲಿ ಇದ್ದದ್ದು ಅಣು ಸಿಡಿತಲೆಯ ಕ್ಷಿಪಣಿ.

ಮೂರನೆಯದು ಸಮುದ್ರದ ಕೆಳಗೆ. ಬಿ-59 ಎಂಬ ಸೋವಿಯತ್ ಸಬ್‌ಮರೀನ್ ಅನ್ನು ಅಮೆರಿಕದ ಹಡಗುಗಳು ಸುತ್ತುವರಿದು, ಮೇಲೆ ಬಾ ಅನ್ನುವ ಸೂಚನೆಯಾಗಿ ಸಣ್ಣ ಸ್ಫೋಟಕ ಹಾಕುತ್ತಿದ್ದವು. ಒಳಗಿದ್ದವರಿಗೆ ಅದು ಸೂಚನೆಯೋ ದಾಳಿಯೋ ತಿಳಿಯದು. ಬ್ಯಾಟರಿ ಇಳಿದಿತ್ತು, ತಂಪು ಮಾಡುವ ಯಂತ್ರ ಕೆಟ್ಟಿತ್ತು, ಉಸಿರಾಡುವುದೇ ಕಷ್ಟವಾಗಿತ್ತು, ಮಾಸ್ಕೋ ಜೊತೆ ಮಾತಿಲ್ಲ. ಮೇಲೆ ಯುದ್ಧ ಶುರುವಾಗಿದೆಯೋ ಏನೋ. ಆ ಸಬ್‌ಮರೀನಿನಲ್ಲಿ ಒಂದು ಅಣು ಟಾರ್ಪಿಡೊ (ನೀರೊಳಗೆ ಸಾಗಿ ಹೋಗಿ ಸಿಡಿಯುವ ಅಸ್ತ್ರ) ಇದೆ ಅಂತ ಅಮೆರಿಕದವರಿಗೆ ಗೊತ್ತೇ ಇರಲಿಲ್ಲ. ಒಳಗಿದ್ದ ಅಧಿಕಾರಿಯೊಬ್ಬರು ವರ್ಷಗಳ ನಂತರ ಹೇಳಿದ ಪ್ರಕಾರ ಕ್ಯಾಪ್ಟನ್ ಸವಿಟ್‌ಸ್ಕಿ ರೇಗಿ ಟಾರ್ಪಿಡೊ ಸಿದ್ಧ ಮಾಡಿ ಅಂದರು. ಅದೇ ಹಡಗಿನಲ್ಲಿದ್ದ ಇನ್ನೊಬ್ಬ ಹಿರಿಯ ಅಧಿಕಾರಿ ವಾಸಿಲಿ ಅರ್ಖಿಪೋವ್ ಸಮಾಧಾನ ಮಾಡಿದರು. ಸಬ್‌ಮರೀನ್ ಮೇಲೆ ಬಂತು. ಒಳಗೆ ಆಡಿದ ಮಾತುಗಳ ಬಗ್ಗೆ ಬದುಕಿದ್ದವರ ನೆನಪು ಒಂದೇ ತರ ಇಲ್ಲ, ಹಾಗಾಗಿ ಅರ್ಖಿಪೋವ್ ಒಬ್ಬನೇ ಜಗತ್ತು ಉಳಿಸಿದ ಅನ್ನುವ ವಾಟ್ಸಾಪ್ ಸಂದೇಶಗಳನ್ನು ಸ್ವಲ್ಪ ನೋಡಿಕೊಂಡು ನಂಬಿ. ಆದರೆ ಟಾರ್ಪಿಡೊ ಇದ್ದದ್ದು ನಿಜ, ಆ ಸೆಕೆ ನಿಜ, ಆ ಗೊಂದಲ ನಿಜ.

ಕೊನೆಗೆ ಗೆದ್ದವರು ಯಾರು?

28ಕ್ಕೆ ಕ್ರುಶ್ಚೇವ್ ಕ್ಷಿಪಣಿ ವಾಪಸ್ ತೆಗೆಯುತ್ತೇವೆ ಎಂದು ಮಾಸ್ಕೋ ರೇಡಿಯೊದಲ್ಲೇ ಹೇಳಿಸಿದರು, ತಂತಿ ಕಳಿಸಿ ಕಾಯುವಷ್ಟು ಸಮಯ ಇರಲಿಲ್ಲ. ಅಮೆರಿಕದಲ್ಲಿ ಹಬ್ಬ. ಕೆನಡಿ ಗಟ್ಟಿಯಾಗಿ ನಿಂತ, ಆ ಕಡೆಯವನು ಹೆದರಿದ ಅನ್ನುವ ಕಥೆ ಅಂದಿನಿಂದ ಓಡುತ್ತಿದೆ.

ಕಥೆಯ ಅರ್ಧ ಮುಚ್ಚಿಟ್ಟಿದ್ದರು. ಟರ್ಕಿಯಲ್ಲಿ ಸೋವಿಯತ್ ಕಡೆಗೆ ಮುಖ ಮಾಡಿ ಇಟ್ಟಿದ್ದ ಅಮೆರಿಕದ 15 ಜುಪಿಟರ್ ಕ್ಷಿಪಣಿಗಳನ್ನು ತೆಗೆಯುತ್ತೇವೆ, ಆದರೆ ಬಾಯಿ ಬಿಡಬಾರದು ಅಂತ ಕೆನಡಿಯ ತಮ್ಮ ರಾಬರ್ಟ್ ಕೆನಡಿ ದೊಬ್ರಿನಿನ್‌ಗೆ ಮಾತು ಕೊಟ್ಟಿದ್ದರು. ಮುಂದಿನ ವರ್ಷ ತೆಗೆದರು. ಹಾವೂ ಸಾಯಲಿಲ್ಲ, ಕೋಲೂ ಮುರಿಯಲಿಲ್ಲ. ಇದು ಗುಟ್ಟಾಗಿದ್ದರಿಂದ ಒಂದು ತೊಂದರೆ ಆಯಿತು: ಒಂದಿಡೀ ತಲೆಮಾರು ಗಟ್ಟಿಯಾಗಿ ನಿಂತರೆ ಸಾಕು, ಎದುರಿನವನು ಬಗ್ಗುತ್ತಾನೆ ಎಂಬ ತಪ್ಪು ಪಾಠ ಕಲಿಯಿತು. ಇನ್ನೊಂದು ವಿಷಯ ಮೂವತ್ತು ವರ್ಷದ ನಂತರ, 1992ರಲ್ಲಿ ಹವಾನಾದಲ್ಲಿ ನಡೆದ ಸಭೆಯಲ್ಲಿ ಹೊರಬಿತ್ತು. ಕ್ಯೂಬಾದಲ್ಲಿ ಆಗಲೇ ಅಣು ಸಿಡಿತಲೆಗಳು ಬಂದಿಳಿದಿದ್ದವು, ದಡಕ್ಕೆ ಇಳಿಯುವ ಸೈನ್ಯದ ಮೇಲೆ ಹಾಕುವ ಸಣ್ಣವೂ ಇದ್ದವು. ಅಮೆರಿಕ ಎಣಿಸಿದ್ದು ಸುಮಾರು 10 ಸಾವಿರ ಸೋವಿಯತ್ ಸೈನಿಕರನ್ನು, ಇದ್ದದ್ದು 40 ಸಾವಿರಕ್ಕೂ ಹೆಚ್ಚು. ಸೇನಾ ಮುಖ್ಯಸ್ಥರ ಮಾತು ಕೇಳಿ ದಾಳಿ ಮಾಡಿದ್ದರೆ ಏನಾಗುತ್ತಿತ್ತೋ ನೀವೇ ಯೋಚಿಸಿ.

ಆಮೇಲೆ ಕೆಂಪು ಫೋನ್ ಹಾಕಿಸಿದರಂತೆ?

ಫೋನ್ ಅಲ್ಲ, ಕೆಂಪೂ ಅಲ್ಲ. 1963ರಲ್ಲಿ ಹಾಕಿದ್ದು ಟೆಲಿಪ್ರಿಂಟರ್, ಅಕ್ಷರ ಹೊಡೆದು ಕಳಿಸುವ ಯಂತ್ರ. ಫೋನಿನಲ್ಲಿ ದನಿ ಏರುತ್ತದೆ, ಅನುವಾದ ತಪ್ಪುತ್ತದೆ, ಬರೆದು ಕಳಿಸಿದರೆ ಒಂದು ನಿಮಿಷ ಯೋಚಿಸಬಹುದು. ಒಳ್ಳೆಯ ಬುದ್ಧಿ. ಮನೆ ಜಗಳಕ್ಕೂ ಇದನ್ನು ಅಳವಡಿಸಿಕೊಳ್ಳಬಹುದು ಅನ್ನಿಸುತ್ತದೆ.

ಕರಡಿಯಿಂದ ಮೂರನೇ ಮಹಾಯುದ್ಧ ಆಗುವುದರಲ್ಲಿತ್ತು ಅನ್ನುವುದು ನಿಜವಾ?

ಮಹಾಯುದ್ಧ ಅನ್ನುವುದು ಸ್ವಲ್ಪ ಜಾಸ್ತಿ ಆಯಿತು, ಆದರೆ ಕರಡಿ ನಿಜ. ಅದೇ 1962ರ ಅಕ್ಟೋಬರ್ 25ರ ರಾತ್ರಿ, ಮಿನೆಸೋಟಾದ ಡುಲುತ್ ಸೇನಾ ನೆಲೆಯಲ್ಲಿ ಬೇಲಿ ಹತ್ತುತ್ತಿದ್ದ ಆಕಾರವನ್ನು ಕಾವಲುಗಾರ ಕಂಡು ಗುಂಡು ಹೊಡೆದು ಎಚ್ಚರಿಕೆ ಗಂಟೆ ಒತ್ತಿದ. ಅಕ್ಕಪಕ್ಕದ ನೆಲೆಗಳಲ್ಲೂ ಗಂಟೆ ಬಾರಿಸಿತು. ವಿಸ್ಕಾನ್ಸಿನ್‌ನ ಒಂದು ನೆಲೆಯಲ್ಲಿ ವೈರಿಂಗ್ ತಪ್ಪಾಗಿ, ನುಸುಳುಕೋರ ಬಂದಿದ್ದಾನೆ ಎನ್ನುವ ಗಂಟೆಯ ಬದಲು ವಿಮಾನ ಏರಿಸಿ ಎನ್ನುವ ಗಂಟೆ ಹೊಡೆಯಿತು. ಅಣು ಕ್ಷಿಪಣಿ ಹೊತ್ತ ವಿಮಾನಗಳು ಹೊರಟವು. ಯುದ್ಧ ಶುರುವಾಯಿತು ಅಂತಲೇ ಪೈಲಟ್‌ಗಳು ನಂಬಿದ್ದರು. ವಿಷಯ ತಿಳಿದ ಒಬ್ಬ ಅಧಿಕಾರಿ ಲೈಟು ಮಿನುಗಿಸುತ್ತಾ ಗಾಡಿಯನ್ನು ರನ್‌ವೇ ಮೇಲೆ ಓಡಿಸಿ ನಿಲ್ಲಿಸಿದ. ಬೇಲಿ ಹತ್ತಿದ್ದು ಕರಡಿ.

ಇಂಥವು ಇನ್ನೂ ಇವೆ. 1960ರ ಅಕ್ಟೋಬರ್ 5ಕ್ಕೆ ಗ್ರೀನ್‌ಲ್ಯಾಂಡ್‌ನ ಹೊಸ ರಾಡಾರ್, ಚಂದ್ರ ಹುಟ್ಟಿದ್ದನ್ನು ಕ್ಷಿಪಣಿ ದಾಳಿ ಅಂದುಕೊಂಡಿತು. ಕ್ರುಶ್ಚೇವ್ ಆಗ ನ್ಯೂಯಾರ್ಕ್‌ನಲ್ಲೇ ಇದ್ದರು, ತಾನಿರುವ ಊರಿನ ಮೇಲೆ ತಾನೇ ಬಾಂಬ್ ಹಾಕುತ್ತಾನಾ ಅಂತ ಅನುಮಾನ ಬಂದದ್ದು ಒಳ್ಳೆಯದಾಯಿತು. 1979ರ ನವೆಂಬರ್ 9ಕ್ಕೆ ಅಭ್ಯಾಸದ ದತ್ತಾಂಶ ನಿಜವಾದ ಪರದೆಗಳ ಮೇಲೆ ಓಡಿತು. 1980ರ ಜೂನ್‌ನಲ್ಲಿ ಸಾವಿರಾರು ಕ್ಷಿಪಣಿ ಬರುತ್ತಿವೆ ಎಂದು ತೋರಿಸಿದ್ದಕ್ಕೆ ಕಾರಣ ಕೆಟ್ಟುಹೋದ ಒಂದು ಚಿಪ್, ಬೆಲೆ 46 ಸೆಂಟ್.

ಪೆಟ್ರೋವ್ ಯಾರು?

ಸ್ಟಾನಿಸ್ಲಾವ್ ಪೆಟ್ರೋವ್, ಸೋವಿಯತ್ ವಾಯುರಕ್ಷಣಾ ಪಡೆಯ ಲೆಫ್ಟಿನೆಂಟ್ ಕರ್ನಲ್. 1983ರ ಸೆಪ್ಟೆಂಬರ್ 26ರ ನಡುರಾತ್ರಿ ಮಾಸ್ಕೋ ಹತ್ತಿರದ ಸೆರ್ಪುಖೋವ್-15 ಕೇಂದ್ರದಲ್ಲಿ ಪಾಳಿಯಲ್ಲಿದ್ದರು. ಅಮೆರಿಕದಿಂದ ಒಂದು ಕ್ಷಿಪಣಿ ಹೊರಟಿದೆ ಎಂದು ಉಪಗ್ರಹ ಹೇಳಿತು. ಆಮೇಲೆ ಇನ್ನೂ ನಾಲ್ಕು. ಕಾಲ ಹೇಗಿತ್ತು ಗೊತ್ತಾ? ಮೂರು ವಾರ ಹಿಂದಷ್ಟೇ ಸೋವಿಯತ್, ದಾರಿ ತಪ್ಪಿದ ಕೊರಿಯಾದ ಪ್ರಯಾಣಿಕರ ವಿಮಾನ ಹೊಡೆದು 269 ಜನ ಸತ್ತಿದ್ದರು. ಎರಡೂ ಕಡೆ ನರ ಬಿಗಿದಿತ್ತು.

ಪೆಟ್ರೋವ್ ಯೋಚಿಸಿದರು, ಯುದ್ಧ ಶುರು ಮಾಡುವವರು ಐದೇ ಐದು ಕ್ಷಿಪಣಿ ಕಳಿಸುತ್ತಾರಾ? ನೆಲದ ರಾಡಾರ್‌ನಲ್ಲಿ ಏನೂ ಕಾಣುತ್ತಿಲ್ಲ. ಉಪಗ್ರಹ ವ್ಯವಸ್ಥೆಯೋ ಹೊಸದು. ಸುಳ್ಳು ಎಚ್ಚರಿಕೆ ಎಂದು ಮೇಲಿನವರಿಗೆ ವರದಿ ಮಾಡಿದರು. ನಿಜಕ್ಕೂ ಅದು ಮೋಡದ ಮೇಲೆ ಬಿದ್ದ ಬಿಸಿಲಿನ ಪ್ರತಿಫಲನ. ಅವರಿಗೆ ಸಿಕ್ಕಿದ್ದೇನು? ಪದಕ ಅಲ್ಲ, ಆ ರಾತ್ರಿ ದಾಖಲೆ ಪುಸ್ತಕ ಸರಿಯಾಗಿ ತುಂಬಿಸಿಲ್ಲ ಅಂತ ಬೈಗುಳ. ಸರ್ಕಾರಿ ಕಚೇರಿ ಎಲ್ಲಾದರೂ ಒಂದೇ. 2017ರಲ್ಲಿ ತೀರಿಕೊಂಡರು, ಸುದ್ದಿ ಹೊರಜಗತ್ತಿಗೆ ತಿಳಿಯಲು ನಾಲ್ಕು ತಿಂಗಳು ಬೇಕಾಯಿತು.

ನಿಜವಾಗಿ ಒಂದು ಬಟನ್ ಇದೆಯಾ?

ಇಲ್ಲ. ಅಮೆರಿಕದ ಅಧ್ಯಕ್ಷರ ಹಿಂದೆ ಒಬ್ಬ ಸೇನಾಧಿಕಾರಿ ಸದಾ ಒಂದು ಕರಿ ಬ್ಯಾಗ್ ಹಿಡಿದು ಓಡಾಡುತ್ತಾರೆ, ಅದಕ್ಕೆ ಫುಟ್‌ಬಾಲ್ ಅನ್ನುವ ಅಡ್ಡಹೆಸರು. ಒಳಗೆ ದಾಳಿಯ ಆಯ್ಕೆಗಳ ಪಟ್ಟಿ, ಮಾತಾಡುವ ಸಾಧನ. ಗುರುತಿನ ಸಂಕೇತ ಇರುವ ಕಾರ್ಡು ಅಧ್ಯಕ್ಷರ ಜೇಬಿನಲ್ಲಿ, ಅದರ ಹೆಸರು ಬಿಸ್ಕತ್ತು. ಆಜ್ಞೆ ಕೊಡಲು ಅಧ್ಯಕ್ಷರು ಸಂಸತ್ತನ್ನು ಕೇಳಬೇಕಾಗಿಲ್ಲ. ಖಂಡಾಂತರ ಕ್ಷಿಪಣಿ ಬಂದು ಬೀಳಲು ಅರ್ಧ ಗಂಟೆ, ಪತ್ತೆ ಹಚ್ಚಿ ಖಾತ್ರಿ ಮಾಡಿಕೊಂಡು ಫೋನ್ ಮಾಡುವುದರಲ್ಲಿ ಅದೂ ಕರಗಿ ಅಧ್ಯಕ್ಷರಿಗೆ ಉಳಿಯುವುದು ಕೆಲವೇ ನಿಮಿಷ. ಸೋವಿಯತ್ ಕಡೆ 1985ರ ಹೊತ್ತಿಗೆ ಪೆರಿಮೀಟರ್ ಎಂಬ ವ್ಯವಸ್ಥೆ ಬಂತು. ಮಾಸ್ಕೋ ಪೂರ್ತಿ ನಾಶವಾಗಿ ಆಜ್ಞೆ ಕೊಡುವವರೇ ಇಲ್ಲದಿದ್ದರೂ ಪ್ರತಿದಾಳಿ ಹೊರಡುವಂತೆ ಮಾಡುವುದು ಅದರ ಕೆಲಸ.

ಯುದ್ಧವೇ ಆಗಲಿಲ್ಲವಲ್ಲ, ಯಾರಿಗೂ ಏನೂ ಆಗಲಿಲ್ಲ ಅಲ್ವಾ?

ಈ ಮಾತು ಕೇಳಿದರೆ ನನಗೆ ಸಿಟ್ಟು ಬರುತ್ತದೆ. ಕೋಣನೆರಡುಂ ಹೋರೆ ಗಿಡುವಿಂಗೆ ಮಿತ್ತು ಅಂತ ನಮ್ಮಲ್ಲಿ ಹಳೆಯ ಮಾತಿದೆ, ಎರಡು ಕೋಣ ಕಾದಾಡಿದರೆ ಸಾಯುವುದು ಗಿಡ ಅಂತ. ಇಲ್ಲಿ ಗಿಡ ಯಾರು ನೋಡಿ. ಬಿಕಿನಿಯ 167 ಜನರನ್ನು 1946ರಲ್ಲಿ ಸ್ವಲ್ಪ ದಿನಕ್ಕೆ ಅಂತ ಹೇಳಿ ಬೇರೆ ದ್ವೀಪಕ್ಕೆ ಸಾಗಿಸಿದರು. ಅವರ ಮಕ್ಕಳು ಮೊಮ್ಮಕ್ಕಳಿಗೆ ಇಂದಿಗೂ ಬಿಕಿನಿಯಲ್ಲಿ ನೆಲೆಸಲಾಗಿಲ್ಲ. ಬಿಕಿನಿಯೂ ಸೇರಿರುವ ಮಾರ್ಷಲ್ ದ್ವೀಪಗಳಲ್ಲಿ ಅಮೆರಿಕದ 67 ಪರೀಕ್ಷೆ ನಡೆಯಿತು. ಸೆಮಿಪಲಾಟಿನ್‌ಸ್ಕ್‌ನಲ್ಲಿ 456. ಅಲ್ಲಿ ಸುತ್ತ ಕುರಿ ಮೇಯಿಸುತ್ತಿದ್ದ ಕಜಾಕ್ ಹಳ್ಳಿಗಳಲ್ಲಿ ಕ್ಯಾನ್ಸರ್, ಅಂಗವೈಕಲ್ಯದೊಂದಿಗೆ ಹುಟ್ಟಿದ ಮಕ್ಕಳು. ವಿಕಿರಣದ ಬಗ್ಗೆ ಅವರಿಗೆ ಯಾರೂ ಹೇಳಿರಲಿಲ್ಲ. ವಿಚಿತ್ರ ಅಂದರೆ ಆ ಜಾಗ ಮುಚ್ಚಿದ್ದೂ ಆಗಸ್ಟ್ 29ಕ್ಕೇ, 1991ರಲ್ಲಿ.

ಭಾರತಕ್ಕೂ ಇದಕ್ಕೂ ಏನು ಸಂಬಂಧ?

ದೂರದಿಂದ ನೋಡುತ್ತಿದ್ದೆವು ಅಂದುಕೊಂಡರೆ ತಪ್ಪು. ಬಿಕಿನಿ ಸ್ಫೋಟದ ಮರು ತಿಂಗಳೇ, 1954ರ ಏಪ್ರಿಲ್ 2ರಂದು, ಎಲ್ಲರೂ ಪರೀಕ್ಷೆ ನಿಲ್ಲಿಸೋಣ ಎಂದು ನೆಹರೂ ಸಂಸತ್ತಿನಲ್ಲಿ ಕರೆ ಕೊಟ್ಟರು. ಆಗ ಅಮೆರಿಕ, ಸೋವಿಯತ್ ಇಬ್ಬರೂ ಕಿವಿಗೆ ಹಾಕಿಕೊಳ್ಳಲಿಲ್ಲ. ವಾತಾವರಣದಲ್ಲಿ ಪರೀಕ್ಷೆ ಬೇಡ ಎನ್ನುವ ಒಪ್ಪಂದ ಆದದ್ದು 1963ರಲ್ಲಿ.

1962ರ ಅಕ್ಟೋಬರ್ 20ಕ್ಕೆ ಚೀನಾ ನಮ್ಮ ಮೇಲೆ ದಾಳಿ ಮಾಡಿತು. ಜಗತ್ತಿನ ಕಣ್ಣೆಲ್ಲ ಕ್ಯೂಬಾದ ಮೇಲಿದ್ದ ಅದೇ ವಾರ. 1971ರ ಡಿಸೆಂಬರ್‌ನಲ್ಲಿ ಬಾಂಗ್ಲಾ ಯುದ್ಧ ನಡೆಯುವಾಗ ಅಮೆರಿಕ ತನ್ನ ಎಂಟರ್‌ಪ್ರೈಸ್ ಯುದ್ಧನೌಕೆಯನ್ನು ಬಂಗಾಳ ಕೊಲ್ಲಿಗೆ ಕಳಿಸಿತು, ಅದರ ಹಿಂದೆಯೇ ಸೋವಿಯತ್ ಹಡಗುಗಳು ಬಂದವು. ಬಾವಿ ಕಟ್ಟೆ ಅವತ್ತು ನಮ್ಮ ಹಿತ್ತಲಲ್ಲೇ ಇತ್ತು. ಸುಮಾರು ಎರಡೂವರೆ ವರ್ಷಕ್ಕೆ, 1974ರ ಮೇ 18ರಂದು, ಪೋಖ್ರಾನ್‌ನಲ್ಲಿ ನಾವೂ ಸಿಡಿಸಿದೆವು. ಆ ತಂಡದ ಮುಂದಾಳು ತುಮಕೂರಿನಲ್ಲಿ ಹುಟ್ಟಿದ ರಾಜಾ ರಾಮಣ್ಣ. ಪಿಯಾನೊ ಬಹಳ ಚೆನ್ನಾಗಿ ನುಡಿಸುತ್ತಿದ್ದರು.

1998ರ ಮೇ ತಿಂಗಳಲ್ಲಿ ನಾವು ಮತ್ತೆ, ಮೂರು ವಾರದೊಳಗೆ ಪಾಕಿಸ್ತಾನ. ನಾವು ಮೊದಲು ಬಳಸುವುದಿಲ್ಲ ಎನ್ನುವುದು ಭಾರತದ ಘೋಷಿತ ನೀತಿ. ಪಾಕಿಸ್ತಾನ ಅಂಥ ಮಾತು ಕೊಟ್ಟಿಲ್ಲ. ಒಂದು ವ್ಯತ್ಯಾಸ ಗಮನಿಸಿ, ಮಾಸ್ಕೋ ಮತ್ತು ವಾಷಿಂಗ್ಟನ್ ನಡುವೆ ಅರ್ಧ ಗಂಟೆ ಇತ್ತು. ದೆಹಲಿ ಮತ್ತು ಇಸ್ಲಾಮಾಬಾದ್ ನಡುವೆ ಅಷ್ಟೂ ಇಲ್ಲ.

ಬಾಂಬ್‌ಗಳು ಕಡಿಮೆಯಾದದ್ದು ಹೇಗೆ?

1985ರಲ್ಲಿ ಜಿನೀವಾದಲ್ಲಿ ಅಮೆರಿಕದ ಅಧ್ಯಕ್ಷ ರೇಗನ್, ಸೋವಿಯತ್ ನಾಯಕ ಗೊರ್ಬಚೆವ್ ಸೇರಿ ಅಣುಯುದ್ಧ ಗೆಲ್ಲಲು ಆಗದು, ಅದನ್ನು ಮಾಡಲೇಬಾರದು ಅಂದರು. ಮುಂದಿನ ವರ್ಷ ರೇಕ್ಯಾವಿಕ್‌ನಲ್ಲಿ ಎಲ್ಲ ಅಣ್ವಸ್ತ್ರವನ್ನೂ ತೆಗೆದುಬಿಡೋಣ ಎನ್ನುವವರೆಗೆ ಮಾತು ಹೋಗಿ, ಬಾಹ್ಯಾಕಾಶದ ರಕ್ಷಣಾ ಯೋಜನೆಯ ವಿಷಯದಲ್ಲಿ ಮುರಿದುಬಿತ್ತು. ಆದರೂ 1987ರ ಒಪ್ಪಂದದಲ್ಲಿ 2,692 ಮಧ್ಯಮ ದೂರದ ಕ್ಷಿಪಣಿಗಳನ್ನು ಇಬ್ಬರೂ ನಾಶ ಮಾಡಿದರು. ಒಬ್ಬರ ಕಾರ್ಖಾನೆಗೆ ಇನ್ನೊಬ್ಬರ ಅಧಿಕಾರಿಗಳು ಹೋಗಿ ಎಣಿಸಿದರು. 1991ರಲ್ಲಿ ದೊಡ್ಡ ಕ್ಷಿಪಣಿಗಳ ಸರದಿ. ಅದೇ ವರ್ಷದ ಕೊನೆಗೆ ಸೋವಿಯತ್ ಒಕ್ಕೂಟವೇ ಇರಲಿಲ್ಲ.

ಈಗ ಎಷ್ಟು ಉಳಿದಿವೆ?

ಜಗತ್ತಿನಲ್ಲಿ ಸುಮಾರು 12 ಸಾವಿರ. ಹತ್ತರಲ್ಲಿ ಎಂಟಕ್ಕಿಂತ ಹೆಚ್ಚು ರಷ್ಯಾ ಮತ್ತು ಅಮೆರಿಕದವೇ. ಚೀನಾ ವೇಗವಾಗಿ ಹೆಚ್ಚಿಸುತ್ತಿದೆ. ಒಪ್ಪಂದಗಳ ಕಡೆ ನೋಡಿದರೆ ಮಾತ್ರ ಬೇಜಾರು. ಕ್ಷಿಪಣಿ ತಡೆಯುವ ವ್ಯವಸ್ಥೆಗಳ ಮೇಲಿನ 1972ರ ಒಪ್ಪಂದದಿಂದ ಅಮೆರಿಕ 2002ರಲ್ಲಿ ಹೊರಬಂತು. 1987ರದ್ದು 2019ರಲ್ಲಿ ಸತ್ತಿತು. ಹಾರಿಸಲು ಸಿದ್ಧವಾಗಿ ಇಟ್ಟಿರುವ ದೂರಗಾಮಿ ಸಿಡಿತಲೆಗಳಿಗೆ ತಲಾ 1,550ರ ಮಿತಿ ಹಾಕಿದ್ದ 2010ರ ಒಪ್ಪಂದವನ್ನು ರಷ್ಯಾ 2023ರಲ್ಲಿ ಅಮಾನತಿನಲ್ಲಿ ಇಟ್ಟಿತು, ಅದರ ಅವಧಿಯೂ 2026ರ ಫೆಬ್ರವರಿ 5ಕ್ಕೆ ಮುಗಿಯಿತು.

ಒಡೆದ ಬಾಂಬ್‌ಗಳ ಒಳಗಿನ ಯುರೇನಿಯಂ ಏನಾಯಿತು?

ಇದನ್ನು ಯಾರೂ ಕೇಳುವುದಿಲ್ಲ, ನಾನೇ ಕೇಳಿಕೊಂಡಿದ್ದೇನೆ. 1993ರಲ್ಲಿ ಅಮೆರಿಕ ಮತ್ತು ರಷ್ಯಾ ಒಂದು ವ್ಯಾಪಾರ ಕುದುರಿಸಿದವು. ರಷ್ಯಾದ ಸಿಡಿತಲೆಗಳಿಂದ ತೆಗೆದ 500 ಟನ್ ಯುರೇನಿಯಂ ಅನ್ನು ಅಲ್ಲೇ ತೆಳು ಮಾಡಿ, ವಿದ್ಯುತ್ ಸ್ಥಾವರಕ್ಕೆ ಇಂಧನವಾಗಿ ಅಮೆರಿಕಕ್ಕೆ ಮಾರಿದರು. ಸುಮಾರು 20 ಸಾವಿರ ಸಿಡಿತಲೆಗಳಷ್ಟು ಸರಕು. ಇಪ್ಪತ್ತು ವರ್ಷ ಅಮೆರಿಕದ ವಿದ್ಯುತ್ತಿನಲ್ಲಿ ಹತ್ತನೇ ಒಂದು ಪಾಲು ಇದರಿಂದ ಬಂತು. ಆ ಊರುಗಳ ಮೇಲೆ ಬೀಳಲೆಂದು ಮಾಡಿದ್ದು ಅದೇ ಊರುಗಳ ಫ್ರಿಜ್ಜು, ಬಲ್ಬು ನಡೆಸಿತು. ಕೊನೆಯ ಸರಕು ಹೊತ್ತ ಹಡಗು ಸೇಂಟ್ ಪೀಟರ್ಸ್‌ಬರ್ಗ್‌ನಿಂದ ಹೊರಟು 2013ರ ಡಿಸೆಂಬರ್‌ನಲ್ಲಿ ಬಾಲ್ಟಿಮೋರ್ ಬಂದರಿಗೆ ಬಂತು.